ಯೂರಿಯಾ ಸಾವಯವ ಅದ

ನಾನು ಶಹಾಪುರದ ಒಂದು ಪಿಯು ಕಾಲೇಜಿನಲ್ಲಿ ರಸಾಯನಶಾಸ್ತ್ರ ಕಲಿಸುತ್ತೇನೆ. ಪುಸ್ತಕ ಇಂಗ್ಲಿಷು, ಪರೀಕ್ಷೆ ಇಂಗ್ಲಿಷು; ಎದುರಿಗೆ ಕೂತ ಮಕ್ಕಳು ಮಾತ್ರ ಕನ್ನಡ ಸಾಲಿಯಿಂದ ಬಂದಂಥವು. ಹಾಗಾಗಿ ಯಾವ ಪದ ಬಂದರೂ ಮೊದಲು ಅದಕ್ಕೆ ಕನ್ನಡದಲ್ಲಿ ಏನಂತಾರೆ ಅಂತ ಹೇಳಿ, ಆ ಕನ್ನಡ ಪದವನ್ನು ಬಿಡಿಸಿ ತೋರಿಸಿ, ಆಮೇಲೆ ಇಂಗ್ಲಿಷಿಗೆ ಹೋಗೋದು ನನ್ನ ರೂಢಿ. ಸ್ಟಾಫ್ ರೂಮಿನಲ್ಲಿ ಇದಕ್ಕೆ ನಗುತ್ತಾರೆ. ಮೇಡಂ ಕೆಮಿಸ್ಟ್ರಿ ಕಲಿಸ್ತಾರೋ ವ್ಯಾಕರಣ ಕಲಿಸ್ತಾರೋ ಅಂತ ಕೇಳುತ್ತಾರೆ. ಕೇಳಲಿ ಬಿಡ್ರಿ. ಅವರ ಮಕ್ಕಳು ಬಾಯಿಪಾಠ ಮಾಡುತ್ತವೆ, ನನ್ನವು ಪ್ರಶ್ನೆ ಕೇಳುತ್ತವೆ. ಯಾವುದು ಚೊಲೊ ಅನ್ನೋದು ನನಗೆ ಗೊತ್ತು.

ಈ ರೂಢಿಯಲ್ಲಿ ನನ್ನನ್ನು ಎಲ್ಲಕ್ಕಿಂತ ಹೆಚ್ಚು ಹೈರಾಣ ಮಾಡಿದ ಪದ ಸಾವಯವ. ಅವಯವ ಅಂದರೆ ಕೈ, ಕಾಲು, ಕಣ್ಣು, ಹೊಟ್ಟೆಯೊಳಗಿನ ಭಾಗಗಳು. ಅವಯವ ಇದ್ದದ್ದು ಸಾವಯವ, ಇಲ್ಲದ್ದು ನಿರವಯವ. ಇಷ್ಟು ಹೇಳಿ ಬೋರ್ಡಿನ ಮೇಲೆ ಸಕ್ಕರೆಯ ಸೂತ್ರ ಬರೆದು ಇದು ಸಾವಯವ ಸಂಯುಕ್ತ ಅಂದರೆ, ಹಿಂದಿನ ಬೆಂಚಿನಿಂದ ಯಾರಾದರೂ ಒಬ್ಬರು ಸಕ್ಕರೆಗೆ ಕೈಕಾಲು ಎಲ್ಲಿ ಅದಾವ್ರಿ ಅಂತ ಕೇಳಿಯೇ ಕೇಳುತ್ತಾರೆ. ಪ್ರಶ್ನೆ ಸರಿಯಾಗಿಯೇ ಇದೆ. ಸಕ್ಕರೆಗೆ ಕೈಯಿಲ್ಲ, ಆದರೆ ಅದನ್ನು ಮಾಡಿದ ಕಬ್ಬಿಗೆ ಬೇರು ಇದೆ, ಎಲೆ ಇದೆ. ಜೀವದ ಅವಯವಗಳಿಂದ ಹುಟ್ಟಿದ್ದು ಅಂತ ಆ ಹೆಸರು ಬಂತು ಅಂತ ಹೇಳಿ ಅವತ್ತಿನ ಮಟ್ಟಿಗೆ ಪಾರಾಗುತ್ತೇನೆ.

ಈ ಪದದ ಜೊತೆ ನನ್ನ ಜಗಳ ನಾನು ಕಲಿಸೋದಕ್ಕೆ ಬರುವ ಮೊದಲೇ ಶುರುವಾಗಿತ್ತು. ನಮ್ಮಪ್ಪ ರಾಮಸಮುದ್ರದಲ್ಲಿ ಒಂದು ಕಿರಾಣಿ ಅಂಗಡಿ ಇಟ್ಟಿದ್ದ. ಬೆಳಿಗ್ಗೆ ಲಿಂಗಪೂಜೆ ಆಗದೆ ಅಂಗಡಿಯ ಬಾಗಿಲು ತೆರೆಯುತ್ತಿರಲಿಲ್ಲ. ಮಠದಲ್ಲಿ ಪ್ರವಚನ ಇದ್ದರೆ ಮೊದಲ ಸಾಲಿನಲ್ಲಿ ಅವನೇ. ನಾನು ಸುರಪುರದಲ್ಲಿ ಬಿಎಸ್ಸಿಗೆ ಸೇರಿ, ಮೊದಲ ಸೂಟಿಗೆ ಊರಿಗೆ ಬಂದಾಗ ಏನು ಓದುತ್ತಿ ಅಂತ ಕೇಳಿದ. ರಸಾಯನಶಾಸ್ತ್ರದಲ್ಲಿ ಸಾವಯವ, ನಿರವಯವ ಅಂತ ಎರಡು ಭಾಗ ಅದಾವ, ಈಗ ನಿರವಯವ ನಡದದ ಅಂದೆ. ಅಪ್ಪ ತಕ್ಕಡಿ ಕೆಳಗಿಟ್ಟು ಕಣ್ಣು ಮುಚ್ಚಿದ. ನಿರವಯವ ಅಂದರೆ ಅವನಿಗೆ ಶಿವ. ಕೈಯಿಲ್ಲ, ಕಾಲಿಲ್ಲ, ರೂಪವಿಲ್ಲ, ಅಳತೆಯಿಲ್ಲ ಅಂತ ಪ್ರವಚನದಲ್ಲಿ ವರ್ಷಗಟ್ಟಲೆ ಕೇಳಿದ ಮಾತು ಅದು.

ಆಮೇಲೆ ಏನಾಯಿತು ಅಂತ ನೀವೇ ಊಹಿಸಬಹುದು. ಸುರಪುರದ ಕಾಲೇಜಿನಲ್ಲಿ ತನ್ನ ಮಗಳಿಗೆ ಗಾಜಿನ ನಳಿಕೆ ಇಟ್ಟು ಶಿವತತ್ವ ಕಲಿಸುತ್ತಾರೆ ಅಂತ ಉಪ್ಪು ಒಯ್ಯಲು ಬಂದವರಿಗೆಲ್ಲ ಹೇಳಿದ. ಒಬ್ಬ ಮುದುಕಿ ನನ್ನನ್ನು ಹಿಡಿದು ನಿಲ್ಲಿಸಿ, ಆ ಕ್ಲಾಸಿಗೆ ಜಳಕ ಮಾಡಿಯೇ ಹೋಗುತ್ತಿಯಿಲ್ಲೋ ಅಂತ ವಿಚಾರಿಸಿದಳು. ನನಗೆ ಮೈಯೆಲ್ಲ ಉರಿಯಿತು. ನಿರವಯವ ಅಂದರೆ ಉಪ್ಪು, ಸುಣ್ಣ, ಕಬ್ಬಿಣ, ಗಂಧಕ, ಅದರಲ್ಲಿ ದೇವರಿಲ್ಲ ಅಂತ ಅಪ್ಪನ ಎದುರು ಕೂಗಾಡಿದೆ. ಉಪ್ಪಿನಾಗೂ ಅದಾನ ಅಂತ ಹೇಳಿ ಅವನು ಮತ್ತೆ ತಕ್ಕಡಿ ಎತ್ತಿಕೊಂಡ. ಅವನ ಜೊತೆ ವಾದ ಮಾಡಿ ಗೆದ್ದವರು ನಮ್ಮ ಮನೆಯಲ್ಲಿ ಯಾರೂ ಇರಲಿಲ್ಲ.

ಅಂಗಡಿಯ ಒಳಗೆ ಬೆಲ್ಲ ಒಡೆಯುತ್ತಾ ಕೂತು ಇದನ್ನೆಲ್ಲ ಕೇಳಿ ನಗುತ್ತಿದ್ದವಳು ನನ್ನ ಅಕ್ಕ. ಮನೆಗೆ ಹಿರೀ ಮಗಳು. ಅವ್ವ ಹೊಲಕ್ಕೆ ಹೋದರೆ ತಮ್ಮಂದಿರನ್ನು, ನನ್ನನ್ನು ಸಂಬಾಳಿಸಬೇಕಿತ್ತು, ಅಪ್ಪ ಸಂತೆಗೆ ಹೋದರೆ ಅಂಗಡಿ ನೋಡಬೇಕಿತ್ತು. ಸಾಲಿಗೆ ಹೋಗಲಿಲ್ಲ. ತೂಕದ ಕಲ್ಲುಗಳನ್ನು ಗಾತ್ರದ ಮೇಲೆ, ಸಾಮಾನಿನ ಡಬ್ಬಿಗಳನ್ನು ಬಣ್ಣದ ಮೇಲೆ ಗುರುತು ಹಿಡಿಯುತ್ತಿದ್ದಳು. ಒಂದಕ್ಷರವೂ ಬರುತ್ತಿರಲಿಲ್ಲ, ಈಗಲೂ ಬರುವುದಿಲ್ಲ. ನಾನು ಓದಿದ್ದೇನೆ, ಅವಳು ಓದಿಲ್ಲ ಅನ್ನೋದು ನಮ್ಮಿಬ್ಬರ ನಡುವೆ ಎಂದೂ ಬಾಯಿಗೆ ಬಂದ ಮಾತಲ್ಲ. ಬಾಯಿಗೆ ಬರಲಿಲ್ಲ ಅಂತ ಆ ಮಾತು ಇಲ್ಲದೆ ಹೋಗುವುದಿಲ್ಲ.

ಸಾವಯವದ ಪಾಠ ಕಲಿಸಿದ ಸುರಪುರದ ಮೇಷ್ಟ್ರೇ ನನಗೆ ಯೂರಿಯಾದ ಕಥೆ ಹೇಳಿದ್ದು, ಅದನ್ನೇ ನಾನು ಇವತ್ತಿಗೂ ಹೇಳುತ್ತೇನೆ. ಹಿಂದಿನ ಕಾಲದ ಪಂಡಿತರು ಜೀವ ಇರುವ ಒಡಲಿನಲ್ಲಷ್ಟೇ ಸಾವಯವ ವಸ್ತು ಹುಟ್ಟುತ್ತದೆ, ಮನುಷ್ಯ ಗಾಜಿನ ಪಾತ್ರೆಯಲ್ಲಿ ಅದನ್ನು ಮಾಡಲಾರ ಅಂತ ನಂಬಿದ್ದರು. ಒಬ್ಬ ಜರ್ಮನ್ ವಿಜ್ಞಾನಿ ಮತ್ತೇನನ್ನೋ ಮಾಡಲು ಹೋಗಿ, ಬರೀ ಖನಿಜದ ಉಪ್ಪುಗಳಿಂದ ಯೂರಿಯಾ ಮಾಡಿಬಿಟ್ಟ. ಉಚ್ಚೆಯಲ್ಲಿ ಇರುವ ಅದೇ ಯೂರಿಯಾ. ಮೂತ್ರಪಿಂಡ ಬೇಕಾಗಲಿಲ್ಲ, ನಾಯಿ ಬೇಕಾಗಲಿಲ್ಲ, ಮನುಷ್ಯ ಬೇಕಾಗಲಿಲ್ಲ. ಅವತ್ತೇ ಆ ಹೆಸರು ಸತ್ತುಹೋಗಬೇಕಿತ್ತು. ಸಾಯಲಿಲ್ಲ. ಅರ್ಥ ಬದಲಾಯಿತು, ಹೆಸರು ಉಳಿಯಿತು. ಈಗ ಸಾವಯವ ಅಂದರೆ ಇಂಗಾಲದ ಸಂಯುಕ್ತ, ಅಷ್ಟೇ.

ಅಷ್ಟೇ ಅಂದರೂ ಅಷ್ಟಕ್ಕೆ ಮುಗಿಯುವುದಿಲ್ಲ. ಮನೆಯ ನೆಲಕ್ಕೆ ಹಾಸಿದ ಫರ್ಸಿ ಕಲ್ಲಿನಲ್ಲೂ ಇಂಗಾಲ ಇದೆ, ಆದರೆ ಅದು ಸಾವಯವ ಅಲ್ಲ. ನಾವು ಬಿಡುವ ಉಸಿರಿನಲ್ಲಿ ಇಂಗಾಲ ಇದೆ, ಅದೂ ಅಲ್ಲ. ಆದರೆ ಪೆಟ್ರೋಲು ಸಾವಯವ, ಪ್ಲಾಸ್ಟಿಕ್ ಚೀಲ ಸಾವಯವ, ಹತ್ತಿಗೆ ಹೊಡೆಯುವ ವಿಷದ ಎಣ್ಣೆಗಳಲ್ಲಿ ಬಹಳಷ್ಟು ಸಾವಯವ. ಇದನ್ನು ಹೇಳಿದಾಗ ಇಡೀ ಕ್ಲಾಸು ನಗುತ್ತದೆ, ಯಾಕೆಂದರೆ ಕ್ಲಾಸಿನ ಅರ್ಧ ಮಕ್ಕಳ ಮನೆಯಲ್ಲಿ ಆ ಎಣ್ಣೆಯ ಡಬ್ಬಿ ಇರುತ್ತದೆ. ನಗು ನಿಂತ ಮೇಲೆ ಯೂರಿಯಾದ ಕಥೆ ಹೇಳಿ, ಯೂರಿಯಾ ಒಂದು ಸಾವಯವ ಸಂಯುಕ್ತ ಅಂತ ಬೋರ್ಡಿನ ಮೇಲೆ ದೊಡ್ಡದಾಗಿ ಬರೆದು ಕೆಳಗೆ ಗೆರೆ ಎಳೆಯುತ್ತೇನೆ. ಆ ವಾಕ್ಯ ಸರಿ ಇದೆ. ಅವತ್ತೂ ಸರಿ ಇತ್ತು, ಇವತ್ತೂ ಸರಿ ಇದೆ. ಯಾರು ಬಂದು ಕೇಳಿದರೂ ನಾನು ಅದರ ಒಂದಕ್ಷರವನ್ನೂ ತಿದ್ದುವುದಿಲ್ಲ.

ಪದ ಊರೊಳಗೆ ಓಡಾಡುವ ಬಗೆ ಬೇರೆ. ಬಸ್ ಸ್ಟ್ಯಾಂಡಿನ ಹತ್ತಿರ ಒಂದು ಅಂಗಡಿಯವನು ಸಾವಯವ ಬೆಲ್ಲ ಅಂತ ಬೋರ್ಡು ಹಾಕಿದ್ದಾನೆ. ನಿನ್ನ ಮಗ್ಗುಲಿಗೆ ಇಟ್ಟ ಬಿಳೀ ಸಕ್ಕರೆಯೂ ಸಾವಯವವೇ, ಬೆಲ್ಲಕ್ಕೆ ಮಾತ್ರ ಯಾಕೆ ಬೋರ್ಡು ಅಂತ ಒಂದು ಸಲ ಕೇಳಿದೆ. ಅವನು ನನ್ನ ಮುಖ ನೋಡಿ, ಒಯ್ಯೂದಿದ್ರ ಒಯ್ರಿ ಮೇಡಂ ಅಂದ. ಒಯ್ದೆ. ಬೆಲ್ಲ ಚೊಲೊ ಇತ್ತು.

ಅಕ್ಕನನ್ನು ಕೊಂಕಲ್‌ಗೆ ಕೊಟ್ಟಿದ್ದಾರೆ. ಅವಳ ಗಂಡ ನಾರಾಯಣಪುರದ ಡ್ಯಾಮಿನಲ್ಲಿ ಕೆಲಸಕ್ಕಿದ್ದಾನೆ, ಅಲ್ಲೇ ಕ್ವಾರ್ಟರ್ಸಿನಲ್ಲಿ ಇರುತ್ತಾನೆ, ರಜೆ ಸಿಕ್ಕಾಗ ಮನೆಗೆ ಬರುತ್ತಾನೆ. ಹೊಲ ಅಕ್ಕನದೇ ಕೈಯಲ್ಲಿ. ಕೊಂಕಲ್‌ನಲ್ಲಿ ಗೊಬ್ಬರಕ್ಕೆ ಎರಡೇ ಹೆಸರು ಇದ್ದವು: ಮನೆಯ ತಿಪ್ಪೆಯಿಂದ ಹೊತ್ತು ಹಾಕಿದರೆ ತಿಪ್ಪಿ ಗೊಬ್ಬರ, ಅಂಗಡಿಯಿಂದ ಚೀಲದಲ್ಲಿ ತಂದರೆ ಸರಕಾರಿ ಗೊಬ್ಬರ. ಸಾವಯವ ಅನ್ನೋ ಮಾತು ಅಲ್ಲಿ ಯಾರಿಗೂ ಬೇಕಾಗಿರಲಿಲ್ಲ. ಅದನ್ನು ತಂದದ್ದು ಒಂದು ರೈತರ ಗುಂಪು. ಸರಕಾರಿ ಗೊಬ್ಬರ ಹಾಕದೆ, ಎಣ್ಣೆ ಹೊಡೆಯದೆ ಮೂರು ವರ್ಷ ಬೆಳೆದರೆ ಸರ್ಟಿಫಿಕೇಟು ಸಿಗುತ್ತದೆ, ಒಣಮೆಣಸಿನಕಾಯಿಗೆ ಬೇರೆ ಗಿರಾಕಿ ಬರುತ್ತಾರೆ ಅಂತ ಹೇಳಿದರು. ಅಕ್ಕ ಸೇರಿದಳು. ಅವಳ ಗಂಡನ ಅಣ್ಣನೂ ಸೇರಿದ.

ಸೇರಿದವರ ಹೊಲದ ಬದುವಿಗೆ ಗುಂಪಿನವರು ಒಂದು ತಗಡಿನ ಬೋರ್ಡು ನಿಲ್ಲಿಸುತ್ತಾರೆ. ಮೇಲೆ ಸಾವಯವ ಹೊಲ ಅಂತ, ಕೆಳಗೆ ಹೊಲ ಮಾಡುವವರ ಹೆಸರು. ಅಕ್ಕನ ಹೊಲದಲ್ಲಿ ಅಕ್ಕನ ಹೆಸರು. ಓದಲು ಬಾರದಿದ್ದರೂ ಕೆಳಗಿನ ಸಾಲು ತನ್ನದು ಅಂತ ಅವಳಿಗೆ ಗೊತ್ತು. ಧೂಳು ಕೂತರೆ ಸೆರಗಿನಿಂದ ಒರೆಸುತ್ತಾಳೆ. ನಾನು ಹೋದಾಗಲೆಲ್ಲ ಹೊಲಕ್ಕೆ ಕರೆದೊಯ್ದು ಮೊದಲು ಆ ಬೋರ್ಡು ತೋರಿಸುತ್ತಾಳೆ, ಆಮೇಲೆ ಮೆಣಸಿನ ಗಿಡ. ರೇಷನ್ ಕಾರ್ಡಿನಲ್ಲಿ ಅವಳ ಹೆಸರು ಇದೆ, ವೋಟಿನ ಚೀಟಿಯಲ್ಲಿ ಇದೆ. ಆದರೆ ಅವಳು ಮಾಡಿದ ಕೆಲಸದ ಎದುರಿಗೆ ಅವಳ ಹೆಸರು ಬರೆದು ನಿಲ್ಲಿಸಿದ್ದು ಅದೊಂದೇ ಕಡೆ.

ಸಾವಯವ ಅನ್ನೋದು ಅವಳ ಬಾಯಲ್ಲಿ ಸಾವೈವ ಆಗಿತ್ತು. ನೀ ಕಲಸೂದೂ ಸಾವೈವ, ನಾ ಮಾಡೂದೂ ಸಾವೈವ, ಇಬ್ಬರೂ ಕಡೀಕ ಒಂದೇ ಕೆಲಸಕ್ಕ ಹತ್ತೀವಿ ನೋಡು ಅಂತ ಒಂದು ಸಲ ನನಗೆ ಹೇಳಿದಳು. ಅವೆರಡೂ ಬೇರೆ ಬೇರೆ ಅಂತ ನಾನು ಶುರುಮಾಡಿದೆ. ಅಕ್ಕ ನಕ್ಕು, ನಿನಗ ಎಲ್ಲಾ ಬ್ಯಾರೇನ ಇರ್ತದ ಅಂದಳು, ಮೆಣಸಿನಕಾಯಿಯ ಚೀಲ ನನ್ನ ಕೈಗೆ ತುರುಕಿ ಬಸ್ಸು ಹತ್ತಿಸಿದಳು. ಅವಳಿಗೆ ಆ ಮಾತು ಬಹಳ ಖುಷಿ ಕೊಟ್ಟಿತ್ತು.

ಅಕ್ಕನ ಮಗಳು ನನ್ನ ಕಾಲೇಜಿನಲ್ಲೇ ಸೈನ್ಸ್ ತಗೊಂಡಿದ್ದಾಳೆ, ನನ್ನ ಮನೆಯಲ್ಲೇ ಇರುತ್ತಾಳೆ, ಶನಿವಾರ ಊರಿಗೆ ಹೋಗುತ್ತಾಳೆ. ಅವಳು ಸೈನ್ಸ್ ಸೇರುವಾಗ ಅಕ್ಕನ ಭಾವ, ಅಂದರೆ ಗಂಡನ ಅಣ್ಣ, ದೊಡ್ಡ ತಕರಾರು ತೆಗೆದಿದ್ದ. ಹೆಣ್ಣುಹುಡುಗಿಗೆ ಹತ್ತನೇ ಕ್ಲಾಸು ಸಾಕು, ಅದರ ಮೇಲೆ ಓದಿದ್ದು ತಲೆಗೆ ಏರುತ್ತದೆ, ಕೈಗೆ ಬರುವುದಿಲ್ಲ ಅಂತ ಅವನ ವಾದ. ಅಕ್ಕನ ಗಂಡ ಅಣ್ಣನ ಮಾತು ಎಂದೂ ಮೀರಿದವನಲ್ಲ. ಅಕ್ಕ ಇಬ್ಬರ ಜೊತೆಗೂ ಜಗಳಾಡಲಿಲ್ಲ. ಒಂದು ವರ್ಷ ನೋಡೋಣ, ಹುಡುಗಿ ಏನಾದರೂ ಎಡವಟ್ಟು ಮಾಡಿದರೆ ನಾನೇ ಬಿಡಿಸುತ್ತೇನೆ ಅಂತ ಮಾತು ಕೊಟ್ಟು ಕಳಿಸಿದ್ದಳು. ಹುಡುಗಿಗೆ ಅದು ಗೊತ್ತಿತ್ತು, ನನಗೂ ಗೊತ್ತಿತ್ತು.

ಗುಂಪಿಗೆ ಸೇರಿದ ಮೂರನೇ ವರ್ಷ ಮಳೆ ಹತ್ತಿದ್ದು ಬಿಡಲೇ ಇಲ್ಲ. ಕಪ್ಪು ನೆಲ, ನೀರು ಹೊಲದಲ್ಲೇ ನಿಂತಿತು. ಅಕ್ಕನ ಮೆಣಸಿನ ಗಿಡದ ಎಲೆ ಹಳದಿಗೆ ತಿರುಗಿತು. ಬದುವಿನ ಆಚೆ ಮಗ್ಗುಲಿನವರ ಹೊಲ ಮಾತ್ರ ಕಡುಹಸಿರು, ಯಾಕೆಂದರೆ ಅವರು ಮಳೆ ನಿಂತ ಮರುದಿನವೇ ಯೂರಿಯಾ ಉಗ್ಗಿದ್ದರು. ನೀನೂ ಒಂದು ಬುಟ್ಟಿ ಉಗ್ಗು, ಯಾರು ನೋಡ್ತಾರೆ ಅಂತ ಮಗ್ಗುಲಿನ ಹೊಲದಾಕಿ ಅಕ್ಕನಿಗೆ ಹೇಳಿದಳು. ಅದು ಸರಕಾರಿ ಗೊಬ್ಬರ, ನಾನು ಸಾವೈವದಾಕಿ, ನನಗೆ ನಡೆಯೋದಿಲ್ಲ ಅಂತ ಅಕ್ಕ ಅಂದಳಂತೆ.

ಮಳೆಗೆ ಕಾಲೇಜಿಗೆ ಸೂಟಿ ಬಿಟ್ಟಿದ್ದರಿಂದ ಹುಡುಗಿ ಊರಲ್ಲೇ ಇದ್ದಳು. ತನ್ನ ಅವ್ವ ಬದುವಿನ ಮೇಲೆ ಕೂತು ಹಳದಿ ಎಲೆ ಹರಿದು ಹರಿದು ನೋಡುವುದನ್ನು ಕಂಡು ಅವಳಿಗೆ ಕರುಳು ಕಿತ್ತು ಬಂತು. ಹಿಂದಿನ ವಾರವಷ್ಟೇ ನಾನು ಆ ಪಾಠ ಮುಗಿಸಿದ್ದೆ. ಅವಳು ಓಡಿಹೋಗಿ ಪುಸ್ತಕ ತಂದಳು.

"ಅವ್ವಾ, ಯೂರಿಯಾ ಸಾವಯವ ಅದ. ಸಣ್ಣವ್ವ ಬೋರ್ಡಿನ ಮ್ಯಾಲ ಬರದು ಗೆರಿ ಹೊಡದಾಳ."

ಸಣ್ಣವ್ವ ಅಂದರೆ ನಾನು. ಅಕ್ಕ ಒಂದೇ ಸಲಕ್ಕೆ ನಂಬಲಿಲ್ಲ. ಖರೆ ಏನು, ಪುಸ್ತಕದಲ್ಲೂ ಇದೆಯೇನು ಅಂತ ಮತ್ತೆ ಮತ್ತೆ ಕೇಳಿದಳು. ಹುಡುಗಿ ಪುಟ ತೆಗೆದು ತೋರಿಸಿದಳು. ಅಕ್ಕನಿಗೆ ಪುಟದಲ್ಲಿ ಏನು ಕಾಣಬೇಕು, ಪಾಪ. ಆದರೂ ಮಗಳು ತೋರಿಸಿದ್ದಾಳೆ, ತಂಗಿ ಕಲಿಸಿದ್ದಾಳೆ, ಪುಸ್ತಕದಲ್ಲಿ ಅಚ್ಚಾಗಿದೆ. ಮಗ್ಗುಲಿನಾಕಿಯ ಹತ್ತಿರ ಬುಟ್ಟಿ ತುಂಬ ಯೂರಿಯಾ ಕೇಳಿ ತಂದು, ಹಾಡುಹಗಲೇ, ದಾರಿಯಲ್ಲಿ ಹೋಗುವವರು ನೋಡುತ್ತಿರುವಾಗಲೇ, ಬೋರ್ಡಿನ ಬುಡದಿಂದ ಶುರುಮಾಡಿ ಇಡೀ ಹೊಲಕ್ಕೆ ಉಗ್ಗಿದಳು. ಕದ್ದು ಮಾಡುವ ಕೆಲಸ ಅಂತ ಅವಳಿಗೆ ಅನ್ನಿಸಿದ್ದರೆ ಹಾಗೆ ಮಾಡುತ್ತಿರಲಿಲ್ಲ.

ಗುಂಪಿನ ತಪಾಸಣೆಯವರು ಯಾದಗಿರಿಯಿಂದ ಬೈಕಿನ ಮೇಲೆ ಬರುತ್ತಾರೆ. ಕೃಷಿ ಓದಿದ ಯುವಕ, ಮಿತಭಾಷಿ. ಮುಂದಿನ ಸಲ ಬಂದಾಗ ಅಕ್ಕ ತಾನೇ ಚಹಾ ಕೊಟ್ಟು, ಹೊಲ ತೋರಿಸಿ, ಹಳದಿ ಹೋಯಿತು ನೋಡ್ರಿ ಸಾಹೇಬ್ರ, ಯೂರಿಯಾ ಹಾಕೀನಿ ಅಂದಳು. ಅವರು ಚಹಾದ ಕಪ್ಪು ಕೆಳಗಿಟ್ಟರು. ಏನು ಹಾಕಿದ್ರಿ ಅಂತ ಇನ್ನೊಮ್ಮೆ ಕೇಳಿದರು. ಅಕ್ಕ ಇನ್ನೊಮ್ಮೆ ಹೇಳಿದಳು. ಭಾನುವಾರ ಗುಂಪಿನವರೆಲ್ಲ ಕೂಡಬೇಕು, ಅಲ್ಲಿಯವರೆಗೆ ಇದರ ಬಗ್ಗೆ ಏನೂ ಮಾತು ಬೇಡ ಅಂತ ಹೇಳಿ ಅವರು ಹೊರಟರು.

ಶನಿವಾರ ಊರಿಗೆ ಹೋದ ಹುಡುಗಿ ನನಗೆ ಫೋನು ಮಾಡಿ ಇಷ್ಟನ್ನೂ ಹೇಳಿದಳು. ಅಳುತ್ತಿರಲಿಲ್ಲ. ಯೂರಿಯಾ ಸಾವಯವ ಅಂತ ನೀನೇ ಹೇಳಿದಿ, ಅಲ್ಲ ಅಂತ ಅವರು ಹೇಳ್ತಾರೆ, ಯಾರದು ಖರೆ ಅಂತ ಕೇಳಿದಳು. ಎರಡೂ ಖರೆ ಅಂದೆ. ಹಂಗಾದ್ರ ನಾ ಆ ಪುಸ್ತಕ ಮತ್ತ ಮುಟ್ಟೂದಿಲ್ಲ ಅಂತ ಫೋನು ಇಟ್ಟಳು. ನನಗೆ ಸಿಟ್ಟು ಬಂತು. ಹುಡುಗಿಯ ಮೇಲೆ ಅಲ್ಲ, ಅಕ್ಕನ ಮೇಲೂ ಅಲ್ಲ. ಎರಡು ಬೇರೆ ಬೇರೆ ವಸ್ತುವಿಗೆ ಒಂದೇ ಪದವನ್ನು ಹೊದಿಸಿ, ಒಂದನ್ನು ಕಾಲೇಜಿಗೆ, ಇನ್ನೊಂದನ್ನು ಹೊಲಕ್ಕೆ ಕಳಿಸಿದ ಯಾರೋ ಪುಣ್ಯಾತ್ಮರ ಮೇಲೆ. ಅವರ ಮನೆಯಲ್ಲಿ ಬಹುಶಃ ಕಾಲೇಜು ಮತ್ತು ಹೊಲ ಎರಡೂ ಒಂದೇ ಒಲೆಯ ಮುಂದೆ ಕೂತು ಉಂಡಿರಲಿಕ್ಕಿಲ್ಲ.

ಭಾನುವಾರ ಬೆಳಿಗ್ಗೆ ಕೊಂಕಲ್‌ಗೆ ಹೋದೆ. ಬಸ್ಸಿನಲ್ಲಿ ಕೂತು ಮನಸ್ಸಿನಲ್ಲೇ ಪಾಠ ತಯಾರಿ ಮಾಡಿಕೊಂಡೆ. ಜರ್ಮನ್ ವಿಜ್ಞಾನಿಯಿಂದ ಶುರುಮಾಡಿ, ಇಂಗಾಲಕ್ಕೆ ಬಂದು, ರಸಾಯನಶಾಸ್ತ್ರದ ಸಾವಯವ ವಸ್ತುವಿನ ಕಟ್ಟಡ ನೋಡುತ್ತದೆ, ಬೇಸಾಯದ ಸಾವಯವ ವಸ್ತು ಎಲ್ಲಿಂದ ಬಂತು ಅಂತ ನೋಡುತ್ತದೆ, ಕಾರ್ಖಾನೆಯಲ್ಲಿ ಹುಟ್ಟಿದ ಯೂರಿಯಾ ಮೊದಲನೆಯದರಲ್ಲಿ ಪಾಸು, ಎರಡನೆಯದರಲ್ಲಿ ಫೇಲು ಅಂತ ಹೇಳುವುದು. ನನಗೇ ಮೆಚ್ಚಿಗೆಯಾಯಿತು. ಯಾರಿಗೂ ತಪ್ಪು ಹೊರಿಸದೆ ಎಲ್ಲರಿಗೂ ತಿಳಿಯುವಂತೆ ಹೇಳಬಲ್ಲೆ ಅಂದುಕೊಂಡೆ.

ಅಕ್ಕ ರೊಟ್ಟಿ ಬಡಿಯುತ್ತಿದ್ದಳು. ಹುಡುಗಿ ಒಳಗಿನ ಕೋಣೆಯಲ್ಲಿ ಗೋಡೆಯ ಕಡೆ ಮುಖ ಮಾಡಿ ಮಲಗಿದ್ದಳು, ಹಿಂದಿನ ದಿನದಿಂದ ಉಂಡಿರಲಿಲ್ಲ. ನಾನು ನನ್ನ ಪಾಠವನ್ನು ಅಕ್ಕನಿಗೆ ಒಮ್ಮೆ ಹೇಳಿದೆ. ಅವಳು ಪೂರಾ ಕೇಳಿದಳು. ಎರಡು ಅದಾವ ಅಂದ್ರ ಎರಡು ಹೆಸರು ಇಡಬಾರದಿತ್ತೇನು ಅಂತ ಅಷ್ಟೇ ಕೇಳಿದಳು. ಆಮೇಲೆ ಗುಂಪಿನ ನಿಯಮ ಹೇಳಿದಳು. ಗೊತ್ತಿದ್ದೂ ಹಾಕಿದ್ದರೆ ಗುಂಪಿನಿಂದ ಹೊರಗೆ, ಮತ್ತೆ ಸೇರಿಸುವುದಿಲ್ಲ. ತಪ್ಪು ತಿಳಿದು ಹಾಕಿದ್ದರೆ ಹೊಲ ಮೊದಲನೇ ವರ್ಷಕ್ಕೆ ಹೋಗುತ್ತದೆ, ಬೋರ್ಡು ಇಳಿಸುತ್ತಾರೆ, ಹೆಸರು ಗುಂಪಿನಲ್ಲಿ ಉಳಿಯುತ್ತದೆ. ಆದರೆ ತಪ್ಪು ಹೇಗೆ ತಿಳಿಯಿತು ಅಂತ ಎಲ್ಲರೆದುರು ಹೇಳಬೇಕು, ಅದನ್ನು ಅವರು ಬರೆದುಕೊಳ್ಳುತ್ತಾರೆ.

ಹಾಗಿದ್ದರೆ ನನ್ನ ಹೆಸರು ಹೇಳು, ನಾನೇ ಎದ್ದು ನಿಂತು ಹೇಳುತ್ತೇನೆ ಅಂದೆ. ಅಕ್ಕ ಹಂಚಿನ ಮೇಲಿನ ರೊಟ್ಟಿ ತಿರುವಿ ಹಾಕಿದಳು.

"ನೀ ಶಾಪುರದಾಗ ಹೇಳಿದ್ದು ಕೊಂಕಲಕ್ಕ ಯಾರು ತಂದ್ರು ಅಂತ ಕೇಳ್ತಾರ. ನಿನ್ನ ಹೆಸರು ಬಂದ್ರ ಆಕಿ ಹೆಸರೂ ಬರ್ತದ. ಅಲ್ಲಿ ಆಕಿ ದೊಡ್ಡಪ್ಪ ಕೂತಿರ್ತಾನ. ನೀ ಬಾಯಿ ತಗೀಬ್ಯಾಡ."

ಅವಳು ಹೇಳಿದ್ದು ಬರೋಬರಿ ಇತ್ತು. ಹುಡುಗಿ ಎಡವಟ್ಟು ಮಾಡಿದರೆ ಬಿಡಿಸುತ್ತೇನೆ ಅಂತ ಅಕ್ಕ ಕೊಟ್ಟ ಮಾತು ಹಾಗೇ ಇತ್ತು. ಹುಡುಗಿಯ ಹೆಸರು ಬಂದರೆ ಅವಳ ಕಾಲೇಜು ಅಲ್ಲಿಗೆ ಮುಗಿಯಿತು. ಯಾರ ಹೆಸರೂ ಬರದಿದ್ದರೆ ಅಕ್ಕ ಗೊತ್ತಿದ್ದೇ ಹಾಕಿದಳು ಅಂತಾಗುತ್ತದೆ, ಗುಂಪು ಹೋಗುತ್ತದೆ. ಇದರಲ್ಲಿ ನನ್ನ ವಿದ್ಯೆಗೆ ಮಾಡಲು ಏನೂ ಕೆಲಸ ಇರಲಿಲ್ಲ. ಏನು ಹೇಳುತ್ತಿ ಅಂತ ಅಕ್ಕನನ್ನು ಕೇಳಿದೆ. ಅವಳು ನನ್ನ ಮುಂದೆ ತಾಟು ಇಟ್ಟಳು.

ಸಭೆ ಗುಂಪಿನ ಮುಖ್ಯಸ್ಥರ ಮನೆಯ ಪಡಸಾಲೆಯಲ್ಲಿ. ಅವರು ವಯಸ್ಸಾದ ರೈತ, ಸೌಮ್ಯ ಮನುಷ್ಯ. ಹತ್ತು ಹನ್ನೆರಡು ಜನ ಗೋಡೆಗೆ ಆತು ಕೂತಿದ್ದರು, ಅಕ್ಕನ ಭಾವ ಕಂಬದ ಹತ್ತಿರ. ನನ್ನನ್ನು ನೋಡಿ ಅವನು, ಓಹೋ, ಪ್ರೊಫೆಸರ್ ಬಂದಾರ ಅಂದ. ನಾನು ನಮಸ್ಕಾರ ಮಾಡಿ ಹೆಂಗಸರ ಸಾಲಿನಲ್ಲಿ ಕೂತೆ. ಹುಡುಗಿಯನ್ನು ಅಕ್ಕ ಕರೆದುಕೊಂಡು ಬಂದಿದ್ದಳು. ಮನೆಯಲ್ಲಿ ಅಡಗಿಸಿಟ್ಟರೆ ಅದೇ ಗುಮಾನಿ ಆಗುತ್ತದೆ ಅಂತ ಅವಳ ಲೆಕ್ಕ. ಹುಡುಗಿ ನನ್ನ ಬೆನ್ನ ಹಿಂದೆ ಕೂತಳು.

ತಪಾಸಣೆಯವರು ನಡೆದದ್ದನ್ನು ಹೇಳಿ, ನಿಯಮ ಓದಿ, ಅಕ್ಕನನ್ನು ಕೇಳಿದರು: ಯೂರಿಯಾ ಹಾಕಬಾರದು ಅಂತ ಮೊದಲನೇ ವರ್ಷವೇ ಹೇಳಿದ್ದೆವು, ಹಾಕಬಹುದು ಅಂತ ನಿಮಗೆ ಹೇಗೆ ಅನ್ನಿಸಿತು? ಅಕ್ಕನ ಭಾವ ಕಂಬಕ್ಕೆ ಆತಿದ್ದ ಬೆನ್ನು ಎತ್ತಿ ಕೂತ. ಈಕಿಗೆ ಯಾರೋ ತಲಿ ತುಂಬ್ಯಾರ, ಹೆಸರು ಹೇಳಲಿ ಅಂದ. ಹೇಳುವಾಗ ನನ್ನ ಕಡೆ ನೋಡಲಿಲ್ಲ, ನನ್ನ ಬೆನ್ನ ಹಿಂದೆ ನೋಡಿದ. ಹುಡುಗಿ ನನ್ನ ಸೆರಗು ಹಿಡಿದದ್ದು ಗೊತ್ತಾಯಿತು. ನನ್ನ ಬಾಯಿಗೆ ಇಡೀ ಪಾಠ ಬಂದು ನಿಂತಿತ್ತು. ನಾನು ನೆಲದ ಫರ್ಸಿ ನೋಡುತ್ತಾ ಕೂತೆ.

ಅಕ್ಕ ಸೆರಗು ಹೊದ್ದುಕೊಂಡು ಎದ್ದು ನಿಂತಳು.

"ಯಾರೂ ಹೇಳಿಲ್ರಿ. ಪುಸ್ತಕದಾಗ ಅದ. ನಾನ ಓದೀನಿ."

ಅಲ್ಲಿ ಕೂತ ಪ್ರತಿಯೊಬ್ಬರಿಗೂ ಅಕ್ಕನಿಗೆ ಓದು ಬರುವುದಿಲ್ಲ ಅಂತ ಗೊತ್ತಿತ್ತು. ಮಗ್ಗುಲಿನ ಹೊಲದಾಕಿಗೆ ಗೊತ್ತಿತ್ತು. ಬಸ್ಸಿನ ಬೋರ್ಡು ಓದಿ ಹೇಳಲು ಅವಳು ಕೇಳುತ್ತಿದ್ದುದು ಇವರನ್ನೇ. ಭಾವ ಬಾಯಿ ತೆರೆದ. ಮುಖ್ಯಸ್ಥರು ಅವನ ಮೊಣಕಾಲಿನ ಮೇಲೆ ಕೈ ಇಟ್ಟರು, ಅಷ್ಟೇ. ಅವನು ಬಾಯಿ ಮುಚ್ಚಿ ಮತ್ತೆ ಕಂಬಕ್ಕೆ ಆತುಕೊಂಡ. ತಮ್ಮನ ಹೆಂಡತಿ ಊರೆದುರು ಸುಳ್ಳು ಹೇಳಿದಳು ಅಂತ ತಾನೇ ಎದ್ದು ಸಾರುವಷ್ಟು ಕೆಟ್ಟವನೂ ಅವನಲ್ಲ.

ತಪಾಸಣೆಯವರು ಅಕ್ಕನನ್ನು ನೋಡಿದರು. ಆಮೇಲೆ ತಲೆ ತಗ್ಗಿಸಿ ಬರೆದರು, ಬರೆದದ್ದನ್ನು ಗಟ್ಟಿಯಾಗಿ ಓದಿದರು: ಯೂರಿಯಾ ಸಾವಯವ ಎಂದು ಪುಸ್ತಕದಲ್ಲಿ ಸ್ವತಃ ಓದಿ, ತಪ್ಪಾಗಿ ಅರ್ಥ ಮಾಡಿಕೊಂಡು ಹೊಲಕ್ಕೆ ಹಾಕಿರುತ್ತೇನೆ. ಸರಿ ಇದೆಯಾ ಅಂತ ಕೇಳಿದರು. ಬರೋಬರಿ ಅದರಿ ಅಂತ ಅಕ್ಕ ಅಂದಳು. ಅವರು ಕಾಗದವನ್ನು ಅವಳ ಕಡೆ ತಿರುಗಿಸಿ, ಚೀಲದಿಂದ ಇಂಕಿನ ಪ್ಯಾಡು ತೆಗೆದು ಮುಚ್ಚಳ ತೆರೆದು ಅದರ ಪಕ್ಕಕ್ಕೆ ಇಟ್ಟರು. ಸ್ವತಃ ಓದಿ ಅಂತ ಬರೆದ ಸಾಲಿನ ಕೆಳಗೆ ಅಕ್ಕ ಹೆಬ್ಬೆಟ್ಟು ಒತ್ತಿದಳು.

ಆಗ ನನಗೆ ತಡೆಯಲಾಗಲಿಲ್ಲ. ಎದ್ದು ಹೊರಗೆ ಹೋಗಿ ಕಟ್ಟೆಯ ಮೇಲೆ ಕೂತು ಅತ್ತೆ. ಅಳೋದು ನನಗೆ ಹಿಡಿಸದ ಕೆಲಸ, ಆದರೂ ಅತ್ತೆ.

ಸಂಜೆ ಗುಂಪಿನವರು ಹೊಲಕ್ಕೆ ಬಂದು ಬೋರ್ಡು ಕಿತ್ತರು. ಅದನ್ನು ಅವರು ಒಯ್ಯುತ್ತಾರಂತೆ. ಅಕ್ಕ ಬೇಡಿಕೊಂಡು ಮನೆಯಲ್ಲೇ ಇಟ್ಟುಕೊಂಡಳು. ಜೋಳದ ಚೀಲಗಳ ಹಿಂದೆ, ಹೆಸರು ಗೋಡೆಯ ಕಡೆ ಮಾಡಿ ನಿಲ್ಲಿಸಿದಳು. ಮೂರು ವರ್ಷದ ಕೆಲಸ ಹೋಗಿತ್ತು. ಅವಳ ಮುಖ ಬಹಳ ದಣಿದಿತ್ತು.

ಆಮೇಲೆ ಮಗಳನ್ನು ಕರೆದು, ಆ ಪುಸ್ತಕ ತಗೊಂಡು ಬಾ ಅಂದಳು. ಹುಡುಗಿ ಒಲ್ಲೆ ಅಂದಳು. ತಾ ಅಂತ ಗದರಿಸಿದಳು. ತಂದಳು. ಎಲ್ಲಿ ಅದ, ತೋರಸು ಅಂದಳು. ಹುಡುಗಿ ಪುಟ ತೆರೆದಳು. ಅಚ್ಚಾದದ್ದು ಇಂಗ್ಲಿಷು, ಅದರ ಅಂಚಿನಲ್ಲಿ ಹುಡುಗಿ ಪೆನ್ಸಿಲಿನಿಂದ ಸಾವಯವ ಅಂತ ಕನ್ನಡದಲ್ಲಿ ಬರೆದುಕೊಂಡಿದ್ದಳು, ನಾನು ಎಲ್ಲ ಮಕ್ಕಳಿಗೂ ಬರೆದುಕೊಳ್ಳಲು ಹೇಳುವಂತೆ. ಮಗಳು ಬೆರಳಿಟ್ಟಲ್ಲಿ ಅಕ್ಕ ತನ್ನ ಹೆಬ್ಬೆರಳು ಇಟ್ಟಳು. ಒರೆಸಿಕೊಂಡಿದ್ದರೂ ಇಂಕು ಪೂರಾ ಹೋಗಿರಲಿಲ್ಲ. ಅವಳು ಆ ನಾಲ್ಕು ಅಕ್ಷರಗಳ ಮೇಲೆ ಬೆರಳನ್ನು ಮೆಲ್ಲಗೆ ಒಂದೊಂದಾಗಿ ಸರಿಸಿದಳು, ಸಾ, ವ, ಯ, ವ ಅಂತ ಹುಡುಗಿ ಹೇಳಿಕೊಟ್ಟಂತೆ ತಾನೂ ಅಂದಳು. ಸಾವೈವ ಅನ್ನಲಿಲ್ಲ.

"ಓದಿದೆ ನೋಡು. ಇನ್ನ ನಾ ಹೇಳಿದ್ದು ಸುಳ್ಳಲ್ಲ. ಮುಂಜಾನೆ ಸಣ್ಣವ್ವನ ಕೂಡ ಕಾಲೇಜಿಗೆ ನಡಿ."

ಹುಡುಗಿ ಅವತ್ತು ಉಂಡಳು. ಮರುದಿನ ಮೊದಲ ಬಸ್ಸಿಗೆ ನಾವಿಬ್ಬರೂ ಶಹಾಪುರಕ್ಕೆ ಹೊರಟೆವು, ಪುಸ್ತಕ ಅವಳ ಚೀಲದಲ್ಲಿತ್ತು.